ಜೀರುಂಡೆ ಸಂಸಾರ, ಜೇಡಿಮಣ್ಣಿನ ಜಗಳ

ಗಂಡ ಕೆಲಸದ ನೆಪದಲ್ಲಿ ಪಟ್ಟಣಕ್ಕೆ ಹೋಗಿ ನರ್ತಕಿಯ ಬೆನ್ನು ಹತ್ತುತ್ತಾನೆ. ಇತ್ತ ಹೆಂಡತಿಗೂ ಒಬ್ಬ ಕಲಾವಿದ ಗೆಳೆಯ. ಅವಳ ಗುಟ್ಟು ಬಯಲಾದಾಗ ಗಂಡ ರೇಗಾಡಿ, ಆಮೇಲೆ ದೊಡ್ಡ ಮನಸ್ಸು ಮಾಡಿ ಕ್ಷಮಿಸಿ, ಸಿನಿಮಾಕ್ಕೆ ಕರೆದೊಯ್ಯುತ್ತಾನೆ. ತೆರೆಯ ಮೇಲೆ ನೋಡಿದರೆ ಅವನದೇ ಕಳ್ಳಾಟ! ಹೋಟೆಲ್ ಕೋಣೆಯ ಬೀಗದ ಕಿಂಡಿಯಿಂದ ತೆಗೆದದ್ದು. ಹೆಂಡತಿ ಕೊಡೆ ಎತ್ತುತ್ತಾಳೆ.

ಇದು 1912ರಲ್ಲಿ ರಷ್ಯಾದಲ್ಲಿ ಬಂದ 'ದಿ ಕ್ಯಾಮರಾಮನ್ಸ್ ರಿವೆಂಜ್'. ದಂಪತಿ ಜೀರುಂಡೆಗಳು, ನರ್ತಕಿ ಏರೋಪ್ಲೇನ್ ಚಿಟ್ಟೆ, ಸೇಡು ತೀರಿಸಿಕೊಳ್ಳುವ ಕ್ಯಾಮರಾಮನ್ ಮಿಡತೆ. ಎಲ್ಲವೂ ಸತ್ತ ಹುಳುಗಳೇ. ಇದಕ್ಕೂ ಮೊದಲು ನಿರ್ದೇಶಕ ಸ್ಟಾರೆವಿಚ್ ನಿಜವಾದ ಜೀರುಂಡೆಗಳ ಕಾದಾಟ ಚಿತ್ರೀಕರಿಸಲು ಹೊರಟಿದ್ದರು. ದೀಪ ಹಚ್ಚಿದರೆ ಅವು ಕದಲುತ್ತಲೇ ಇರಲಿಲ್ಲ. ಸರಿ, ಸತ್ತವುಗಳ ಕಾಲು ಕಿತ್ತು, ಮೇಣ, ತಂತಿಯಿಂದ ಮತ್ತೆ ಜೋಡಿಸಿ, ಒಂದೊಂದು ಫ್ರೇಮಿಗೂ ಚೂರೇ ಚೂರು ಸರಿಸಿದರು. ಹೀಗೆ ಕದಲದ್ದನ್ನು ಕದಲುವಂತೆ ತೋರಿಸುವುದೇ ಅನಿಮೇಷನ್. ನಟರಿದ್ದಿದ್ದರೆ ನಾವು ಯಾರದೋ ಪಕ್ಷ ವಹಿಸುತ್ತಿದ್ದೆವು. ಹುಳುಗಳಾದ್ದರಿಂದ ಇಬ್ಬರನ್ನೂ ನೋಡಿ ನಗುತ್ತೇವೆ, ಅಲ್ವಾ?

ಅನಿಮೇಷನ್ ಅಂದರೆ ಮಕ್ಕಳದ್ದು ಎಂಬ ಮಾತು ಗಟ್ಟಿಯಾದದ್ದು ಆಮೇಲೆ. ಹಾಲಿವುಡ್‌ನಲ್ಲಿ 1934ರಲ್ಲಿ ಸೆನ್ಸಾರ್ ನಿಯಮ ಬಿಗಿಯಾದಾಗ ಕಾರ್ಟೂನ್ ಬೆಡಗಿ ಬೆಟ್ಟಿ ಬೂಪ್‌ಳ ಲಂಗವೂ ಉದ್ದವಾಯಿತು. ಹೊಸ ಪ್ರಯೋಗಗಳು ನಡೆದದ್ದು ಹೆಚ್ಚಾಗಿ ಬೇರೆ ಕಡೆ, ಅದೂ ಸರ್ಕಾರಿ ಸ್ಟುಡಿಯೋಗಳಲ್ಲಿ. 1952ರಲ್ಲಿ ಕೆನಡಾದ ನಾರ್ಮನ್ ಮೆಕ್‌ಲಾರೆನ್ ನಿಜವಾದ ಮನುಷ್ಯರನ್ನೇ ಗೊಂಬೆಗಳಂತೆ ಫ್ರೇಮ್ ಫ್ರೇಮಾಗಿ ಸರಿಸಿ 'ನೇಬರ್ಸ್' ಮಾಡಿದರು. ಒಂದು ಹೂವಿಗಾಗಿ ಇಬ್ಬರು ನೆರೆಯವರು ಹೊಡೆದಾಡಿ ಸಾಯುತ್ತಾರೆ. ಆಸ್ಕರ್ ಬಂದದ್ದು ಸಾಕ್ಷ್ಯಚಿತ್ರ ವಿಭಾಗದಲ್ಲಿ. ತಮಾಷೆಯೋ, ಸರಿಯೋ, ನೀವೇ ಹೇಳಿ.

ನನಗೆ ಮರೆಯಲಾಗದ್ದು ಮಾತ್ರ ಯಾನ್ ಶ್ವಾಂಕ್‌ಮಾಯರ್ 1982ರಲ್ಲಿ ಜೆಕೊಸ್ಲೊವಾಕಿಯಾದಲ್ಲಿ ಮಾಡಿದ 'ಡೈಮೆನ್ಷನ್ಸ್ ಆಫ್ ಡೈಲಾಗ್'. ಅದರ ಎರಡನೇ ಭಾಗದಲ್ಲಿ ಜೇಡಿಮಣ್ಣಿನ ಗಂಡು, ಹೆಣ್ಣು ಮೇಜಿನ ಮುಂದೆ ಕೂತಿದ್ದಾರೆ. ತಬ್ಬಿಕೊಳ್ಳುತ್ತಾರೆ, ಯಾರ ಮೈ ಯಾವುದು ತಿಳಿಯದಷ್ಟು ಕಲೆತು ಹೋಗುತ್ತಾರೆ. ಬೇರೆಯಾದಾಗ ಮೇಜಿನ ಮೇಲೆ ಸಣ್ಣದೊಂದು ಮಣ್ಣಿನ ಮುದ್ದೆ ಉಳಿದಿರುತ್ತದೆ. ಅದು ಅವಳ ಹತ್ತಿರ ಹೋದರೆ ತಳ್ಳುತ್ತಾಳೆ, ಅವನ ಹತ್ತಿರ ಹೋದರೆ ಅವನೂ ತಳ್ಳುತ್ತಾನೆ. ಆಮೇಲೆ ಅದನ್ನೇ ಮುಖಕ್ಕೆ ಎಸೆದಾಡಿ, ಒಬ್ಬರನ್ನೊಬ್ಬರು ಕಿತ್ತು ಕಿತ್ತು ಕೆಸರಾಗುತ್ತಾರೆ. ಮಗು ಅಂತ ಎಲ್ಲೂ ಹೇಳುವುದಿಲ್ಲ. ಹೇಳಬೇಕಾಗಿಯೂ ಇಲ್ಲ. ಫ್ರಾನ್ಸ್‌ನ ಆನೆಸಿ ಅನಿಮೇಷನ್ ಉತ್ಸವದಲ್ಲಿ ಮೊದಲ ಬಹುಮಾನ ಬಂತು. ಅದೇ ಚಿತ್ರವನ್ನು ತಾಯ್ನಾಡಿನಲ್ಲಿ ಕಮ್ಯುನಿಸ್ಟ್ ಪಕ್ಷದ ಸಮಿತಿಗೆ 'ಇಂಥದ್ದು ಮಾಡಬಾರದು' ಎಂದು ತೋರಿಸಿದರು.

ಸುಮಾರು ಹತ್ತು ವರ್ಷದ ನಂತರ, ಅದೇ ದೇಶದ ಪ್ರಾಗ್‌ನ ನಿರ್ದೇಶಕಿ ಮಿಖಾಯೆಲಾ ಪಾವ್ಲಾತೋವಾ ಒಂದು ಕೆಫೆಯೊಳಗೆ ಹೊಕ್ಕರು. ಅವರ 'ವರ್ಡ್ಸ್, ವರ್ಡ್ಸ್, ವರ್ಡ್ಸ್' ಚಿತ್ರದಲ್ಲಿ ಅಲ್ಲಿ ಕೂತವರ ಬಾಯಿಂದ ಬರುವುದು ಪದಗಳಲ್ಲ, ಬಣ್ಣದ ಆಕಾರಗಳು. ಆದರೂ ಯಾರು ಸುಮ್ನೆ ಹರಟುತ್ತಿದ್ದಾರೆ, ಯಾರು ಮುನಿಸಿಕೊಂಡಿದ್ದಾರೆ ಅಂತ ಪಕ್ಕದ ಮೇಜಿನಲ್ಲಿ ಕೂತವರಷ್ಟೇ ಚೆನ್ನಾಗಿ ಗೊತ್ತಾಗುತ್ತದೆ.