1871ರ ನಂತರ: ನವ ಸಂಪ್ರದಾಯ ಪಂಥ ಮತ್ತು ಆಸ್ಟ್ರಿಯನ್ ಪಂಥ

ಸರಕಿನ ಮೌಲ್ಯಕ್ಕೆ ಅದರ ಉತ್ಪಾದನೆಗೆ ತಗಲಿದ ಶ್ರಮವೇ ಮೂಲವೆಂಬ ಹಳೆಯ ನಿಲುವನ್ನು ಅಲುಗಾಡಿಸಿದ ಎರಡು ಗ್ರಂಥಗಳು 1871ರಲ್ಲೇ ಹೊರಬಂದವು: ಒಂದು ವಿಯೆನ್ನಾದ ಕಾರ್ಲ್ ಮೆಂಗರ್ ಅವರದು, ಇನ್ನೊಂದು ಇಂಗ್ಲೆಂಡಿನ ಜೆವನ್ಸ್ ಅವರದು. ಮೌಲ್ಯ ಹುಟ್ಟುವುದು ಸರಕಿನಿಂದ ಬಳಕೆದಾರನಿಗೆ ಸಿಗುವ ತೃಪ್ತಿಯಿಂದ ಎಂಬುದು ಇಬ್ಬರ ವಾದ. ಸ್ವಿಟ್ಜರ್ಲೆಂಡಿನ ಲೊಸಾನ್‌ನಲ್ಲಿ ಬೋಧಿಸುತ್ತಿದ್ದ ವಾಲ್ರಾಸ್ 1874ರಲ್ಲಿ ಸ್ವತಂತ್ರವಾಗಿ ಅದೇ ತತ್ತ್ವವನ್ನು ಮುಂದಿಟ್ಟರು. ಪರೀಕ್ಷೆಗಾಗಿ ಈ ಮೂವರನ್ನೂ ಒಂದೇ ಉಸಿರಿನಲ್ಲಿ ಹೇಳಿಬಿಡುತ್ತೇವೆ. ಜೆವನ್ಸ್, ವಾಲ್ರಾಸ್ ಅವರಿಂದ ಬೆಳೆದ ನವ ಸಂಪ್ರದಾಯ ಪಂಥವನ್ನೂ ಮೆಂಗರ್ ಅವರಿಂದ ಹುಟ್ಟಿದ ಆಸ್ಟ್ರಿಯನ್ ಪಂಥವನ್ನೂ ಒಂದೇ ಎಂದುಕೊಳ್ಳುವ ಗೊಂದಲಕ್ಕೆ ಅದೇ ಕಾರಣ.

ಮೂವರಿಗೂ ಸಮಾನವಾದ ಸೀಮಾಂತ ತುಷ್ಟಿಗುಣದ (ಸರಕಿನ ಕೊನೆಯ ಒಂದು ಘಟಕದಿಂದ ಸಿಗುವ ತೃಪ್ತಿಯ) ತತ್ತ್ವವನ್ನು ಮೆಂಗರ್ ಅವರ ಅನುಯಾಯಿ ಬೋಮ್-ಬಾವರ್ಕ್ ನೀಡಿದ ಉದಾಹರಣೆ ಚೆನ್ನಾಗಿ ತಿಳಿಸುತ್ತದೆ. ಕಾಡಿನ ನಡುವೆ ಒಂಟಿಯಾಗಿರುವ ರೈತನ ಬಳಿ ಐದು ಚೀಲ ಧಾನ್ಯವಿದೆ. ಮೊದಲನೆಯದು ಜೀವ ಉಳಿಸಿಕೊಳ್ಳಲು, ಎರಡನೆಯದು ಮೈಯಲ್ಲಿ ಕಸುವು ಉಳಿಯುವಷ್ಟು ಉಣ್ಣಲು, ಮೂರನೆಯದು ಕೋಳಿಗಳಿಗೆ, ನಾಲ್ಕನೆಯದು ಮದ್ಯಕ್ಕೆ, ಐದನೆಯದು ಗಿಳಿಗಳಿಗೆ. ಯಾವುದೇ ಒಂದು ಚೀಲ ಹಾಳಾದರೂ ಅವನು ಬಿಟ್ಟುಕೊಡುವುದು ಗಿಳಿಗಳ ಪಾಲನ್ನೇ. ಆದ್ದರಿಂದ ಪ್ರತಿ ಚೀಲದ ಮೌಲ್ಯವೂ ಗಿಳಿ ಸಾಕುವ ಸಂತೋಷದಷ್ಟೇ ಆಗಿರುತ್ತದೆ. ನೀರು ಅಗ್ಗ, ವಜ್ರ ದುಬಾರಿ ಏಕೆಂಬ ಹಳೆಯ ಒಗಟು ಬಿಡಿಸಿಕೊಳ್ಳುವುದೂ ಹೀಗೆಯೇ: ನೀರು ಹೇರಳವಾದ್ದರಿಂದ ಅದರ ಕೊನೆಯ ಪಾಲಿನ ಮೌಲ್ಯ ಕಡಿಮೆ, ವಜ್ರ ವಿರಳವಾದ್ದರಿಂದ ಹೆಚ್ಚು.

ಭಿನ್ನತೆ ಇರುವುದು ವಿಧಾನದಲ್ಲಿ. ಜೆವನ್ಸ್ ಮತ್ತು ವಾಲ್ರಾಸ್ ಗಣಿತವನ್ನು ನೆಚ್ಚಿಕೊಂಡು, ಎಲ್ಲ ಬೆಲೆಗಳೂ ಒಟ್ಟಿಗೆ ಸಮತೋಲನಕ್ಕೆ ಬರುವ ಸ್ಥಿತಿಯನ್ನು ವಾಲ್ರಾಸ್ ಸಮೀಕರಣಗಳಲ್ಲಿ ಹಿಡಿದಿಟ್ಟರೆ, ಮೆಂಗರ್ ಸಮೀಕರಣಗಳ ಗೊಡವೆಗೇ ಹೋಗದೆ, ವ್ಯಕ್ತಿಯ ಅಗತ್ಯದಿಂದ ಬೆಲೆ ಹೇಗೆ ಹುಟ್ಟುತ್ತದೆಂಬ ಕಾರ್ಯಕಾರಣ ಸಂಬಂಧವನ್ನು ಹುಡುಕಿದರು. 1890ರಲ್ಲಿ ನವ ಸಂಪ್ರದಾಯ ಪಂಥದ ಮಾರ್ಷಲ್, ಕತ್ತರಿಯ ಎರಡು ಅಲಗುಗಳಂತೆ ತುಷ್ಟಿಗುಣ ಮತ್ತು ಉತ್ಪಾದನಾ ವೆಚ್ಚ ಎರಡೂ ಸೇರಿ ಬೆಲೆಯನ್ನು ನಿರ್ಧರಿಸುತ್ತವೆ ಎಂದರು. ‘ನವ ಸಂಪ್ರದಾಯ’ ಎಂಬ ಹೆಸರನ್ನು 1900ರಲ್ಲಿ ಕೊಟ್ಟವರು ಆ ಪಂಥದ ಟೀಕಾಕಾರ ವೆಬ್ಲೆನ್ ಎಂಬುದು ಸ್ವಾರಸ್ಯಕರ.

ಬಿರುಕು ಎದ್ದು ಕಂಡದ್ದು ಸಮಾಜವಾದದ ಕುರಿತ ವಾದದಲ್ಲಿ. ಉತ್ಪಾದನಾ ಸಾಧನಗಳಿಗೆ ಮಾರುಕಟ್ಟೆಯೇ ಇಲ್ಲದಿದ್ದರೆ ಲಾಭ-ನಷ್ಟದ ಲೆಕ್ಕವೇ ಅಸಾಧ್ಯವೆಂದು ಆಸ್ಟ್ರಿಯನ್ ಪಂಥದ ಮೀಸಸ್ 1920ರಲ್ಲಿ ವಾದಿಸಿದರು. ಅದಕ್ಕೆ ಉತ್ತರ ಕೊಟ್ಟ ಸಮಾಜವಾದಿ ಆಸ್ಕರ್ ಲಾಂಗೆ ಕೈಗೆತ್ತಿಕೊಂಡದ್ದು ವಾಲ್ರಾಸ್ ಅವರ ಸಲಕರಣೆಯನ್ನೇ: ಯೋಜನಾ ಮಂಡಳಿಯು ಬೆಲೆಯೊಂದನ್ನು ಗೊತ್ತುಮಾಡಿ, ಕೊರತೆ ಕಂಡರೆ ಏರಿಸಿ, ಮಿಕ್ಕರೆ ಇಳಿಸುತ್ತ ಸಮತೋಲನಕ್ಕೆ ತಲುಪಬಹುದು. 1945ರಲ್ಲಿ ಆಸ್ಟ್ರಿಯನ್ ಪಂಥದವರೇ ಆದ ಹಯೆಕ್ ಪ್ರಶ್ನೆಯನ್ನೇ ಬದಲಿಸಿದರು. ಮಂಡಳಿಗೆ ಬೇಕಾದ ತಿಳಿವಳಿಕೆ ಒಂದೆಡೆ ಸಿಗುವಂಥದ್ದಲ್ಲ, ಅದು ಅಸಂಖ್ಯ ಜನರಲ್ಲಿ ಚದುರಿಹೋಗಿದೆ. ತವರದ ಕೊರತೆಗೆ ಕಾರಣವೇನೆಂದು ತಿಳಿಯದಿದ್ದರೂ ಬೆಲೆ ಏರಿದ್ದನ್ನು ಕಂಡೇ ಬಳಕೆದಾರರು ಅದನ್ನು ಮಿತವಾಗಿ ಬಳಸತೊಡಗುತ್ತಾರೆ ಎಂದರು.