ಆರ್‌ನ ಫಂಕ್ಷನ್ನನ್ನು ಸಿ ಕೋಡ್‌ನಿಂದ ಕರೆದರೆ ಉತ್ತರ ಯಾಕೆ ಬದಲಾಗುತ್ತೆ?

ಪ್ರಶ್ನೆ: ಕೋಲಾರದ ಎಪಿಎಂಸಿಗೆ ಟೊಮೆಟೊ ಗಾಡಿಗಳು ಸರಾಸರಿ 4 ನಿಮಿಷಕ್ಕೊಂದರಂತೆ ಬರುತ್ತವೆ ಎಂದಿಟ್ಟುಕೊಂಡು ಸಿಮ್ಯುಲೇಶನ್ ಮಾಡುತ್ತಿದ್ದೇನೆ. ಅಂಕಿಅಂಶಗಳ ಪ್ರೋಗ್ರಾಮಿಂಗ್ ಭಾಷೆ ಆರ್‌ನಲ್ಲಿ ಲೂಪ್ ನಿಧಾನ ಅಂತ ಅದನ್ನು ಸಿ ಭಾಷೆಯಲ್ಲಿ ಬರೆದು, ಅಲ್ಲಿಂದಲೇ ಗಾಡಿಗಳ ನಡುವಿನ ಅಂತರವನ್ನು ಯಾದೃಚ್ಛಿಕವಾಗಿ ಕೊಡುವ ಆರ್‌ನ ಆರ್‌ಎಕ್ಸ್‌ಪ್ ಫಂಕ್ಷನ್ನನ್ನು, ಆರ್‌ನಲ್ಲಿದ್ದಂತೆ 0.25 ಕೊಟ್ಟು, ಕರೆದೆ. ಎರರ್ ಏನೂ ಇಲ್ಲ, ಆದರೆ ಗಾಡಿಗಳು 15 ಸೆಕೆಂಡಿಗೊಂದು ನುಗ್ಗುತ್ತಿವೆ! ಎಲ್ಲಿ ಎಡವಿದ್ದೇನೆ?

ಉತ್ತರ: ಸಿ ಕಡೆಗೂ 0.25 ಅಂತಲೇ ಕೊಟ್ಟಿದ್ದೀರಿ. ಆರ್‌ನಲ್ಲಿ ಈ ಫಂಕ್ಷನ್ ಕೇಳುವುದು ರೇಟ್, ಅಂದರೆ ನಿಮಿಷಕ್ಕೆ ಕಾಲು ಗಾಡಿ. ಆರ್‌ಮ್ಯಾಥ್ ಹೆಡರ್‌ನಲ್ಲಿ (ಆರ್‌ನ ಗಣಿತ ಫಂಕ್ಷನ್‌ಗಳನ್ನು ಸಿಗೆ ಒದಗಿಸುವ ಫೈಲ್) ಅದೇ ಹೆಸರಿನ ಸಿ ಫಂಕ್ಷನ್ ಕೇಳುವುದು ಸರಾಸರಿಯನ್ನು. 0.25 ನಿಮಿಷ ಅಂದರೆ ಸರಿಯಾಗಿ 15 ಸೆಕೆಂಡ್. ಅಲ್ಲಿ 4.0 ಕೊಡಿ. ಗಾಮಾ ವಿತರಣೆಯ ಫಂಕ್ಷನ್‌ದ್ದೂ ಇದೇ ಪಾಡು: ಸಿ ಕಡೆ ಸ್ಕೇಲ್ (ರೇಟ್‌ನ ವಿಲೋಮ) ಮಾತ್ರ. ನಾರ್ಮಲ್ ವಿತರಣೆಯ ಸಂಭವನೀಯತೆ ಕೊಡುವ ಪಿನಾರ್ಮ್ ಎಷ್ಟೋ ವಾಸಿ. ಸಿಯಲ್ಲಿ ಡಿಫಾಲ್ಟ್ ಇಲ್ಲದ್ದರಿಂದ ಐದೂ ಆರ್ಗ್ಯುಮೆಂಟ್ ಬರೆಯದಿದ್ದರೆ ಕಂಪೈಲರೇ ತಡೆಯುತ್ತೆ.

ಇದು ಸರಿಹೋದ ಮೇಲೆ ಉತ್ತರವೆಲ್ಲ ಸೊನ್ನೆ ಬಂದರೆ ಗಾಬರಿ ಬೇಡ. ಆರ್‌ನಿಂದ ಸಿ ಕೋಡನ್ನು ಕರೆಯುವ ಡಾಟ್ ಸಿ ಫಂಕ್ಷನ್ ಮೂಲಕ ಕರೆಯುವಾಗ ಎಲ್ಲವೂ ಪಾಯಿಂಟರ್ (ಮೆಮೊರಿಯ ವಿಳಾಸ) ಆಗಿ ಹೋಗುತ್ತವೆ, ಟೈಪ್ ಸರಿಯಿದೆಯೇ ಅಂತ ಯಾರೂ ನೋಡುವುದಿಲ್ಲ. ಎಷ್ಟು ಗಾಡಿ ಬೇಕು ಅನ್ನುವುದಕ್ಕೆ ಬರೀ 1000 ಅಂತ ಬರೆದರೆ ಆರ್‌ಗೆ ಅದು 8 ಬೈಟ್‌ನ ಡಬಲ್. ನಿಮ್ಮ ಇಂಟ್ ಪಾಯಿಂಟರ್ ಮೊದಲ 4 ಬೈಟ್ ಮಾತ್ರ ಓದುತ್ತೆ. ಮಾಮೂಲಿ ಪಿಸಿಯಲ್ಲಿ ಆ ನಾಲ್ಕೂ ಸೊನ್ನೆ. ಲೂಪ್ ಒಂದು ಸುತ್ತೂ ತಿರುಗುವುದಿಲ್ಲ. ಆಸ್ ಡಾಟ್ ಇಂಟಿಜರ್ ಹಾಕಿ ಕಳಿಸಿ. ಸಿ ಫಂಕ್ಷನ್ ವಾಯ್ಡ್ ಆಗಿರಲಿ. ಫಲಿತಾಂಶ ನೀವು ಕಳಿಸಿದ ವೆಕ್ಟರ್‌ನಲ್ಲೇ ತುಂಬಿಕೊಂಡು ಲಿಸ್ಟ್ ಆಗಿ ವಾಪಸ್ ಬರುತ್ತೆ.

ಇನ್ನೊಂದು, ಬಹಳ ಜನ ಮರೆಯುವುದು: ಲೂಪ್‌ಗೆ ಮೊದಲು ಗೆಟ್‌ಆರ್‌ಎನ್‌ಜಿಸ್ಟೇಟ್ (ಯಾದೃಚ್ಛಿಕ ಸಂಖ್ಯೆಗಳ ಸ್ಥಿತಿಯನ್ನು ಆರ್‌ನಿಂದ ತರುತ್ತೆ), ಮುಗಿದ ಮೇಲೆ ಪುಟ್‌ಆರ್‌ಎನ್‌ಜಿಸ್ಟೇಟ್ (ಅದನ್ನು ವಾಪಸ್ ಒಪ್ಪಿಸುತ್ತೆ). ಒಳಗಲ್ಲ, ಹೊರಗೆ, ಪ್ರತಿ ಸುತ್ತಿಗೂ ಕರೆದರೆ ಸಿಗೆ ಬಂದು ಗಳಿಸಿದ ವೇಗ ಅಲ್ಲೇ ಖರ್ಚು. ಪುಟ್ ಬಿಟ್ಟರೆ ಆರ್‌ಗೆ ಸಂಖ್ಯೆಗಳು ಖರ್ಚಾದದ್ದೇ ಗೊತ್ತಾಗದೆ, ಮುಂದಿನ ಸಲವೂ ಅವೇ ಗಾಡಿಗಳು ಅದೇ ಹೊತ್ತಿಗೆ ಬರುತ್ತವೆ.

ಕಂಪೈಲ್ ಮಾಡಲು ಜಿಸಿಸಿ ಕಂಪೈಲರನ್ನು ನೇರ ಕರೆಯುವ ಬದಲು ಆರ್ ಸಿಎಂಡಿ ಶ್ಲಿಬ್ ಎಂಬ ಕಮಾಂಡ್ ಬಳಸಿ; ಹೆಡರ್‌ಗಳ ದಾರಿ ಅದಕ್ಕೇ ಗೊತ್ತು. ವಿಂಡೋಸ್ ಆದರೆ ಆರ್‌ಟೂಲ್ಸ್ (ಕಂಪೈಲರ್ ಇರುವ ಕಿಟ್) ಬೇಕು. ಆಮೇಲೆ ಆರ್‌ಗೆ ಅದನ್ನು ಸೇರಿಸಲು ಡಿನ್ ಡಾಟ್ ಲೋಡ್.

ಪರೀಕ್ಷೆ ಸುಲಭ. ಯಾದೃಚ್ಛಿಕ ಸಂಖ್ಯೆಗಳ ಆರಂಭ ನಿಗದಿ ಮಾಡುವ ಸೆಟ್ ಡಾಟ್ ಸೀಡ್‌ಗೆ 7 ಕೊಟ್ಟು ಆರ್‌ನಲ್ಲಿ 0.25 ರೇಟ್‌ಗೆ ಐದು ಸಂಖ್ಯೆ ತೆಗೆಯಿರಿ. ಮತ್ತೆ 7 ಕೊಟ್ಟು ನಿಮ್ಮ ಸಿ ಫಂಕ್ಷನ್‌ನಿಂದ ಐದು. ಎರಡೂ ಒಂದೇ ಇರಬೇಕು. ಎಲ್ಲವೂ ಹದಿನಾರನೇ ಒಂದು ಭಾಗದಷ್ಟು ಬಂದರೆ ಆ 0.25 ಇನ್ನೂ ಅಲ್ಲೇ ಕೂತಿದೆ.