ಉಸ್ತ್ರಾ: ಕೋರ್ಟಿನ ಕಡತದಲ್ಲಿ ಚಿತ್ರಹಿಂಸಕ, ಅಧ್ಯಕ್ಷರ ಬಾಯಲ್ಲಿ ವೀರ

2016ರ ಏಪ್ರಿಲ್ 17. ಬ್ರೆಜಿಲ್ ಸಂಸತ್ತಿನ ಕೆಳಮನೆಯಲ್ಲಿ ಅಧ್ಯಕ್ಷೆ ದಿಲ್ಮಾ ರೂಸೆಫ್ ವಿರುದ್ಧದ ವಾಗ್ದಂಡನೆಗೆ ಮತದಾನ ನಡೆದಿತ್ತು. ಮೈಕಿನ ಮುಂದೆ ಬಂದ, ಆಗ ಸಂಸದರಾಗಿದ್ದ ಜೈರ್ ಬೋಲ್ಸನಾರೊ ತಮ್ಮ ಮತವನ್ನು ಕರ್ನಲ್ ಬ್ರಿಲ್ಯಾಂಟೆ ಉಸ್ತ್ರಾ ನೆನಪಿಗೆ ಅರ್ಪಿಸಿದರು. ದಿಲ್ಮಾಗೆ ನಡುಕ ಹುಟ್ಟಿಸಿದವರು ಎಂದೂ ಸೇರಿಸಿದರು. ಸೇನಾಡಳಿತದ ವಿರೋಧಿಯಾಗಿದ್ದ ದಿಲ್ಮಾ ಬಂಧನವಾದದ್ದು 1970ರ ಜನವರಿಯಲ್ಲಿ, ಉಸ್ತ್ರಾ ಸೇನೆಯ ವಿಚಾರಣಾ ಕೇಂದ್ರದ ಅಧಿಕಾರ ವಹಿಸಿಕೊಂಡದ್ದು ಅದೇ ವರ್ಷದ ಸೆಪ್ಟೆಂಬರಿನಲ್ಲಿ. ಆದರೆ ಬೋಲ್ಸನಾರೊಗೆ ತಾರೀಖು ಬೇಕಿರಲಿಲ್ಲ, ಹೆಸರು ಸಾಕಿತ್ತು.

1964ರಿಂದ 1985ರವರೆಗಿನ ಸೇನಾಡಳಿತದಲ್ಲಿ ಸಾವೊ ಪಾಲೊದ ಟುಟೋಯಾ ರಸ್ತೆಯ ವಿಚಾರಣಾ ಕೇಂದ್ರವನ್ನು ಜನ ಡಾಯ್-ಕೋಡಿ ಎಂದು ಕರೆಯುತ್ತಿದ್ದರು. 1974ರ ಜನವರಿವರೆಗೆ ಅದರ ಮುಖ್ಯಸ್ಥರು ಉಸ್ತ್ರಾ. ಒಳಗೆ ಅವರ ಗುಪ್ತನಾಮ 'ಡಾಕ್ಟರ್ ಟಿಬಿರಿಸಾ'. 1972ರ ಡಿಸೆಂಬರಿನಲ್ಲಿ, ಆಡಳಿತದ ವಿರೋಧಿಗಳಾಗಿದ್ದ ಟೆಲೆಸ್ ದಂಪತಿಯನ್ನು ಅಲ್ಲಿಗೆ ಎಳೆದು ತಂದರು. ಐದು ಮತ್ತು ನಾಲ್ಕು ವರ್ಷದ ಮಕ್ಕಳನ್ನೂ ಕರೆತಂದು, ಹೊಡೆತದಿಂದ ಗುರುತೇ ಸಿಗದಂತಾಗಿದ್ದ ತಾಯಿ ತಂದೆಯನ್ನು ತೋರಿಸಲಾಯಿತು ಎಂಬುದು ಆ ಕುಟುಂಬದ ಸಾಕ್ಷ್ಯ.

1979ರ ಕ್ಷಮಾದಾನ ಕಾಯ್ದೆ ಆಡಳಿತದ ವಿರೋಧಿಗಳನ್ನು ಬಿಡುಗಡೆ ಮಾಡಿತು, ಅದೇ ಉಸಿರಿನಲ್ಲಿ ಹಿಂಸಿಸಿದವರನ್ನೂ ಕಾಪಾಡಿತು. ಉಸ್ತ್ರಾ ಚಿತ್ರಹಿಂಸಕರೋ ವೀರರೋ ಎಂಬ ಗದ್ದಲದ ಮೂಲ ಇದೇ ಎಂದು ನನಗನ್ನಿಸುತ್ತದೆ. 1985ರಲ್ಲಿ ನಟಿ, ಸಂಸದೆ ಬೆಟ್ ಮೆಂಡೆಸ್ ಉರುಗ್ವೆಗೆ ಹೋದಾಗ ಬ್ರೆಜಿಲ್ ರಾಯಭಾರ ಕಚೇರಿಯಲ್ಲಿ ತಮ್ಮನ್ನು ಹಿಂಸಿಸಿದವರ ಮುಖವನ್ನೇ ಕಂಡರು. ಉಸ್ತ್ರಾ ಅಲ್ಲಿ ಸೇನಾ ಪ್ರತಿನಿಧಿ! ಬೆಟ್ ಅಧ್ಯಕ್ಷ ಸಾರ್ನಿಗೆ ಪತ್ರ ಬರೆದರು. ಉಸ್ತ್ರಾ ಎಲ್ಲವನ್ನೂ ನಿರಾಕರಿಸಿದರು.

ಕ್ರಿಮಿನಲ್ ದಾರಿ ಮುಚ್ಚಿದ್ದರಿಂದ ಟೆಲೆಸ್ ಕುಟುಂಬ ಸಿವಿಲ್ ಕೋರ್ಟಿಗೆ ಹೋಯಿತು. ಪರಿಹಾರದ ಹಣ ಬೇಡ, ಈತ ಹಿಂಸಿಸಿದ ಎಂದು ಘೋಷಿಸಿದರೆ ಸಾಕು ಎಂಬುದಷ್ಟೇ ಬೇಡಿಕೆ. 2008ರಲ್ಲಿ ಕೋರ್ಟು ಹಾಗೆಯೇ ಘೋಷಿಸಿತು. ಜೈಲಿಲ್ಲ, ದಂಡವಿಲ್ಲ. 2010ರಲ್ಲಿ ಸುಪ್ರೀಂ ಕೋರ್ಟ್ 7-2ರ ಬಹುಮತದಿಂದ ಕ್ಷಮಾದಾನವನ್ನು ಎತ್ತಿಹಿಡಿಯಿತು. 2013ರಲ್ಲಿ, ಸೇನಾಡಳಿತದ ಕಾಲದ ದೌರ್ಜನ್ಯಗಳ ತನಿಖೆ ನಡೆಸುತ್ತಿದ್ದ ಸತ್ಯ ಆಯೋಗದ ಮುಂದೆ ಕುಳಿತ ಉಸ್ತ್ರಾ, ತಾನು ಭಯೋತ್ಪಾದನೆಯ ವಿರುದ್ಧ ಹೋರಾಡಿದವನು, ಇಲ್ಲಿ ನಿಲ್ಲಬೇಕಾದದ್ದು ಸೇನೆಯೇ ಎಂದರು. ಆ ಮಾತಿನಲ್ಲಿ ಅರ್ಧ ನಿಜವಿದೆ: ಮರುವರ್ಷದ ಆಯೋಗದ ವರದಿ 377 ಮಂದಿಯನ್ನು ಹೊಣೆಗಾರರೆಂದು ಹೆಸರಿಸಿತು, ಅವರಲ್ಲಿ ಸೇನಾಡಳಿತದ ಅಧ್ಯಕ್ಷರೂ ಇದ್ದರು. 2015ರ ಅಕ್ಟೋಬರಿನಲ್ಲಿ ತಮ್ಮ 83ನೆಯ ವಯಸ್ಸಿನಲ್ಲಿ ಉಸ್ತ್ರಾ ತೀರಿಕೊಂಡರು.

1971ರಲ್ಲಿ ಡಾಯ್-ಕೋಡಿಯ ಹಿಂಸೆಯ ನಂತರ ಸತ್ತ ಪತ್ರಕರ್ತ ಮೆರ್ಲಿನೊ ಕುಟುಂಬಕ್ಕೆ ಉಸ್ತ್ರಾ ಪರಿಹಾರ ಕೊಡಬೇಕೆಂದು 2012ರಲ್ಲಿ ತೀರ್ಪಾಗಿತ್ತು. 2018ರ ಅಕ್ಟೋಬರಿನಲ್ಲಿ ಮೇಲ್ಮನವಿ ನ್ಯಾಯಾಲಯ ಕಾಲಮಿತಿ ಮೀರಿದೆಯೆಂದು ಅದನ್ನು ರದ್ದುಮಾಡಿತು. ಅದೇ ತಿಂಗಳು ಬೋಲ್ಸನಾರೊ ಅಧ್ಯಕ್ಷರಾಗಿ ಆಯ್ಕೆಯಾದರು. ಮರುವರ್ಷ ಉಸ್ತ್ರಾ ಅವರನ್ನು 'ರಾಷ್ಟ್ರೀಯ ವೀರ' ಎಂದು ಕರೆದರು.